ಬೇಸ್‌ಬಾಲ್ ಅನ್ನು ರೇಡಿಯೋದಲ್ಲಿ ಕೇಳೋದು ಹೇಗೆ? ಅಪ್ಪನಿಗಾಗಿ ಹುಡುಕಿದ ದಾರಿಗಳು

(ಇದು ಪಾಡ್‌ಕಾಸ್ಟ್ ಸಂಚಿಕೆಯ ಅಕ್ಷರರೂಪ. ಓದಲು ಅನುಕೂಲವಾಗುವಂತೆ ಅಲ್ಲಲ್ಲಿ ಸ್ವಲ್ಪ ತಿದ್ದಲಾಗಿದೆ.)

ಹೋದ ವಾರ ಜಿಎಸ್‌ಟಿ ಬಗ್ಗೆ ಮಾತಾಡಿ ನಿಮ್ಮ ತಲೆ ತಿಂದಿದ್ದೆ. ಈ ವಾರ ಅದಕ್ಕೆ ಪರಿಹಾರವಾಗಿ ಒಂದು ಆಟದ ಕಥೆ. ಆದರೆ ಕ್ರಿಕೆಟ್ ಅಲ್ಲ. ಬೇಸ್‌ಬಾಲ್. ಅದೂ ಟಿವಿಯಲ್ಲಿ ನೋಡೋದಲ್ಲ, ರೇಡಿಯೋದಲ್ಲಿ ಕೇಳೋದು.

"ಇವನಿಗೇನಾಯ್ತಪ್ಪ" ಅಂತ ನೀವು ಅಂದುಕೊಳ್ಳೋ ಮೊದಲೇ ವಿಷಯ ಹೇಳಿಬಿಡ್ತೀನಿ. ಹೋದ ವರ್ಷ ಮಾರ್ಚ್‌ನಲ್ಲಿ ನಮ್ಮಪ್ಪ ಆರು ತಿಂಗಳಿಗೆ ಅಂತ ಅಕ್ಕನ ಮನೆಗೆ ಹೋದರು. ಅಕ್ಕ, ಭಾವ ಇರೋದು ನ್ಯೂಜೆರ್ಸಿಯ ಎಡಿಸನ್‌ನಲ್ಲಿ. ಅಪ್ಪನಿಗೆ ಗ್ಲಾಕೋಮಾ ಇದೆ. ಎಡಗಣ್ಣು ಪೂರ್ತಿ ಹೋಗಿದೆ, ಬಲಗಣ್ಣಲ್ಲಿ ನೇರ ಎದುರಿಗಿರೋದು ಮಾತ್ರ ಮಸುಕು ಮಸುಕಾಗಿ ಕಾಣುತ್ತೆ. ಟಿವಿ ಮುಂದೆ ಕೂರಿಸಿದರೆ ಹತ್ತು ನಿಮಿಷಕ್ಕೆ ತಲೆನೋವು. ಬೆಳಗ್ಗೆ ಅಕ್ಕ ಭಾವ ಕೆಲಸಕ್ಕೆ, ಮೊಮ್ಮಗ ಸ್ಕೂಲಿಗೆ. ಅಪ್ಪ ಒಬ್ಬರೇ ಸೋಫಾ ಮೇಲೆ. ದಾವಣಗೆರೆಯಲ್ಲಾದರೆ ಕಟ್ಟೆ ಮೇಲೆ ಕೂತರೆ ಹೋಗೋರು ಬರೋರು ಮಾತಾಡಿಸ್ತಾರೆ. ಅಲ್ಲಿ ಬೀದಿಯಲ್ಲಿ ನಾಯಿ ಕರ್ಕೊಂಡು ಹೋಗೋರು ಬಿಟ್ಟರೆ ಇನ್ಯಾರೂ ಇಲ್ಲ.

ಎರಡನೇ ವಾರ ಫೋನಲ್ಲಿ ಅಪ್ಪ ಹೇಳಿದ್ದು ಇಷ್ಟೇ: "ಇಲ್ಲಿ ಎಲ್ಲಾ ಚೆನ್ನಾಗಿದೆ ಕಣೋ. ಆದ್ರೆ ಕಿವಿಗೆ ಏನೂ ಬೀಳಲ್ಲ."

ಆ ಮಾತು ನನಗೆ ಚುಚ್ಚಿತು. ಯಾಕೆ ಅಂದ್ರೆ ಅಪ್ಪ ಕಿವಿಯಿಂದಲೇ ಬದುಕಿದ ಮನುಷ್ಯ. 1975ರ ಜನವರಿಯಲ್ಲಿ ಮದ್ರಾಸ್ ಟೆಸ್ಟ್‌ನಲ್ಲಿ ಜಿ.ಆರ್. ವಿಶ್ವನಾಥ್ ವೆಸ್ಟ್ ಇಂಡೀಸ್ ಮೇಲೆ ಔಟಾಗದೆ 97 ಹೊಡೆದರಲ್ಲ, ಅದನ್ನ ಅಪ್ಪ ಇವತ್ತಿಗೂ ಒಂದೊಂದು ಸ್ಕ್ವೇರ್ ಕಟ್ ಸಮೇತ ವರ್ಣಿಸ್ತಾರೆ. ಚಿಕ್ಕವನಿದ್ದಾಗ ನಾನು ಅಪ್ಪ ಮದ್ರಾಸಿಗೆ ಹೋಗಿ ನೋಡಿಬಂದಿದ್ದಾರೆ ಅಂತಲೇ ನಂಬಿದ್ದೆ. ಆಮೇಲೆ ಗೊತ್ತಾಯ್ತು, ಅವರು ಅದನ್ನ ನೋಡೇ ಇಲ್ಲ. ಟ್ರಾನ್ಸಿಸ್ಟರ್‌ನಲ್ಲಿ ಕೇಳಿದ್ದು. ಅಷ್ಟೇ.

ಹಾಗಾದರೆ ಅಮೆರಿಕದಲ್ಲಿ ಸಂಜೆ ಹೊತ್ತು ರೇಡಿಯೋದಲ್ಲಿ ಏನು ಬರುತ್ತೆ ಅಂತ ಹುಡುಕೋಕೆ ಶುರು ಮಾಡಿದೆ. ಸಿಕ್ಕ ಉತ್ತರ ಬೇಸ್‌ಬಾಲ್. ಇವತ್ತಿನ ಸಂಚಿಕೆ ಆ ಹುಡುಕಾಟದ ಲೆಕ್ಕಪತ್ರ.

ಕ್ರಿಕೆಟ್ ಬಿಟ್ಟು ಬೇಸ್‌ಬಾಲ್ ಯಾಕೆ?

ಮೊದಲ ಕಾರಣ, ಸಂಖ್ಯೆ. ಅಮೆರಿಕದ ಮೇಜರ್ ಲೀಗ್‌ನಲ್ಲಿ 30 ಟೀಮುಗಳಿವೆ. ಒಂದೊಂದು ಟೀಮೂ ಒಂದು ಸೀಸನ್‌ನಲ್ಲಿ 162 ಪಂದ್ಯ ಆಡುತ್ತೆ. ಅಂದ್ರೆ ಒಟ್ಟು 2,430 ಪಂದ್ಯ. ಮಾರ್ಚ್ ಕೊನೆಗೆ ಶುರುವಾದರೆ ಸೆಪ್ಟೆಂಬರ್ ಕೊನೆವರೆಗೂ ಹೆಚ್ಚುಕಡಿಮೆ ದಿನಾ ಆಟ. ಅಕ್ಟೋಬರ್‌ನಲ್ಲಿ ಪ್ಲೇಆಫ್, ವರ್ಲ್ಡ್ ಸೀರೀಸ್. ಐಪಿಎಲ್ ಎರಡು ತಿಂಗಳಲ್ಲಿ ಮುಗಿದುಹೋಗುತ್ತೆ. ಇದು ಆರು ತಿಂಗಳು ಮನೆಯಲ್ಲೊಬ್ಬ ನೆಂಟ ಇದ್ದ ಹಾಗೆ ಇರುತ್ತೆ.

ಎರಡನೇ ಕಾರಣ, ಆಟದ ಸ್ವಭಾವ. ಫುಟ್‌ಬಾಲ್‌ನಲ್ಲಿ ಚೆಂಡು ನಿಲ್ಲೋದೇ ಇಲ್ಲ, ಕಾಮೆಂಟೇಟರ್ ಓಡ್ತಾನೇ ಇರಬೇಕು. ಬೇಸ್‌ಬಾಲ್‌ನಲ್ಲಿ ಒಂದು ಎಸೆತ, ಆಮೇಲೆ ಬಿಡುವು. ಮತ್ತೊಂದು ಎಸೆತ, ಮತ್ತೆ ಬಿಡುವು. ಆ ಬಿಡುವಲ್ಲಿ ಕಥೆ ಹೇಳಬಹುದು, ಗಾಳಿ ಯಾವ ಕಡೆ ಬೀಸ್ತಿದೆ ಹೇಳಬಹುದು, ಬ್ಯಾಟ್ಸ್‌ಮನ್ ಊರು ಯಾವುದು ಹೇಳಬಹುದು. ನಮ್ಮ ಟೆಸ್ಟ್ ಕ್ರಿಕೆಟ್ ಕಾಮೆಂಟರಿ ಕೇಳಿ ಬೆಳೆದವರಿಗೆ ಈ ಲಯ ಹೊಸದಲ್ಲ. 2023ರಲ್ಲಿ ಪಿಚ್ ಕ್ಲಾಕ್ ಅಂತ ತಂದು, ಇಷ್ಟು ಸೆಕೆಂಡಿನೊಳಗೆ ಎಸೀಲೇಬೇಕು ಅಂತ ನಿಯಮ ಮಾಡಿದ್ದಾರೆ. ಅದರಿಂದ ಸರಾಸರಿ ಪಂದ್ಯ ಇಪ್ಪತ್ತು ನಿಮಿಷಕ್ಕೂ ಹೆಚ್ಚು ಚಿಕ್ಕದಾಯ್ತು. ಈಗ ಎರಡೂವರೆ, ಎರಡೂಮುಕ್ಕಾಲು ಗಂಟೆಯಲ್ಲಿ ಮುಗಿಯುತ್ತೆ. ಆದರೂ ಉಸಿರಾಡೋಕೆ ಜಾಗ ಇದೆ.

ಮೂರನೇ ಕಾರಣ, ಇತಿಹಾಸ. ಇದನ್ನ ಸ್ವಲ್ಪ ಬಿಡಿಸಿ ಹೇಳ್ತೀನಿ, ಯಾಕೆಂದ್ರೆ ಇಲ್ಲಿ ಒಂದು ಒಳ್ಳೆ ವ್ಯಾಪಾರದ ಪಾಠ ಇದೆ.

ನೂರು ವರ್ಷದ ಅಭ್ಯಾಸ

1921ರ ಆಗಸ್ಟ್ 5. ಪಿಟ್ಸ್‌ಬರ್ಗ್ ಊರಿನ ಕೆಡಿಕೆಎ ಸ್ಟೇಷನ್. ಹೆರಾಲ್ಡ್ ಆರ್ಲಿನ್ ಅನ್ನೋ ಯುವಕ ಫೋರ್ಬ್ಸ್ ಫೀಲ್ಡ್ ಮೈದಾನದಲ್ಲಿ ಕೂತು ಪೈರೇಟ್ಸ್ ಮತ್ತು ಫಿಲ್ಲೀಸ್ ಪಂದ್ಯವನ್ನ ಮೈಕ್‌ಗೆ ಹೇಳಿದ. ಪೈರೇಟ್ಸ್ 8-5ರಿಂದ ಗೆದ್ದರು. ಮೇಜರ್ ಲೀಗ್ ಬೇಸ್‌ಬಾಲ್ ರೇಡಿಯೋದಲ್ಲಿ ಬಂದಿದ್ದು ಅದೇ ಮೊದಲು.

ಈಗ ಪಾಠಕ್ಕೆ ಬರೋಣ. ಟೀಮ್ ಮಾಲೀಕರಿಗೆ ಭಯ ಶುರುವಾಯ್ತು. ಮನೆಯಲ್ಲಿ ಕೂತು ಪುಕ್ಕಟೆ ಕೇಳಿದರೆ ಟಿಕೆಟ್ ತಗೊಂಡು ಯಾರು ಬರ್ತಾರೆ? ನ್ಯೂಯಾರ್ಕ್‌ನ ಮೂರು ಟೀಮುಗಳು, ಅಂದ್ರೆ ಯಾಂಕೀಸ್, ಜೈಂಟ್ಸ್, ಡಾಡ್ಜರ್ಸ್, ಸೇರ್ಕೊಂಡು ಒಪ್ಪಂದ ಮಾಡ್ಕೊಂಡವು. 1934ರಿಂದ 1938ರವರೆಗೆ ಐದು ವರ್ಷ ರೇಡಿಯೋ ಪ್ರಸಾರವೇ ಇಲ್ಲ. 1939ರಲ್ಲಿ ಬ್ರೂಕ್ಲಿನ್ ಡಾಡ್ಜರ್ಸ್ ಟೀಮಿನ ಲ್ಯಾರಿ ಮ್ಯಾಕ್‌ಫೇಲ್ ಆ ಒಪ್ಪಂದದಿಂದ ಹೊರಬಂದು ರೆಡ್ ಬಾರ್ಬರ್ ಅನ್ನೋ ಕಾಮೆಂಟೇಟರನ್ನ ಕರೆಸಿದರು. ಉಳಿದವರೂ ಹಿಂದೆ ಬರಲೇಬೇಕಾಯ್ತು. ಇವರು ಅಂದುಕೊಂಡ ಹಾಗೆ ರೇಡಿಯೋ ಗ್ರಾಹಕರನ್ನ ಕದೀಲಿಲ್ಲ. ಹೊಸ ಗ್ರಾಹಕರನ್ನ ತಯಾರು ಮಾಡ್ತು. ಕೇಳಿ ಕೇಳಿ ಹುಚ್ಚು ಹಿಡಿದವರೇ ಆಮೇಲೆ ಟಿಕೆಟ್ ಕೊಂಡರು.

ಈ ಬಾರ್ಬರ್ ಮೇಜಿನ ಮೇಲೆ ಮೂರು ನಿಮಿಷದ ಮರಳು ಗಡಿಯಾರ ಇಟ್ಕೊಳ್ತಿದ್ದರಂತೆ, ಮೊಟ್ಟೆ ಬೇಯಿಸೋಕೆ ಬಳಸ್ತಾರಲ್ಲ ಅಂಥದ್ದು. ಮರಳು ಇಳಿದಾಗಲೆಲ್ಲ ಸ್ಕೋರ್ ಹೇಳಬೇಕು, ಗಡಿಯಾರ ತಿರುಗಿಸಬೇಕು. ಯಾಕಂದ್ರೆ ಈಗಷ್ಟೇ ರೇಡಿಯೋ ಹಾಕಿದವನಿಗೆ ಸ್ಕೋರ್ ಗೊತ್ತಿರಲ್ಲ. ಮೈಕ್ ಮುಂದೆ ಕೂರೋ ನಾನು ಇದನ್ನ ಓದಿ ನಾಚಿಕೆಪಟ್ಟೆ. ಕೇಳುಗನಿಗೆ ಏನು ಕಾಣ್ತಿಲ್ಲ ಅನ್ನೋದನ್ನ ನೆನಪಿಟ್ಟುಕೊಳ್ಳೋದೇ ಈ ಕೆಲಸ.

ಆ ಬಾರ್ಬರ್ ಕೈಕೆಳಗೆ ಕಲಿತವರು ವಿನ್ ಸ್ಕಲ್ಲಿ. 1950ರಿಂದ 2016ರವರೆಗೆ, 67 ಸೀಸನ್, ಒಂದೇ ಟೀಮಿಗೆ ಕಾಮೆಂಟರಿ. ಡಾಡ್ಜರ್ಸ್ 1958ರಲ್ಲಿ ಲಾಸ್ ಏಂಜಲೀಸ್‌ಗೆ ಬಂದಾಗ ಆಡಿದ್ದು ಕೊಲಿಸಿಯಮ್ ಅನ್ನೋ ದೊಡ್ಡ ಸ್ಟೇಡಿಯಂನಲ್ಲಿ. ದೂರದ ಸೀಟಿನಲ್ಲಿ ಕೂತವರಿಗೆ ಆಟ ಸರಿಯಾಗಿ ಕಾಣ್ತಿರಲಿಲ್ಲ. ಅವರು ಟ್ರಾನ್ಸಿಸ್ಟರ್ ತಂದು, ಮೈದಾನದಲ್ಲೇ ಕೂತು ಸ್ಕಲ್ಲಿ ಮಾತು ಕೇಳ್ತಿದ್ದರು. ಯೋಚಿಸಿ, ಟಿಕೆಟ್ ಕೊಟ್ಟು ಒಳಗೆ ಬಂದವರೂ ರೇಡಿಯೋ ಬಿಡಲಿಲ್ಲ.

ಸರಿ, ಈಗ ದಾರಿಗಳು. ಒಂದೊಂದಾಗಿ ಹೇಳ್ತೀನಿ.

ದಾರಿ ಒಂದು: ಮಾಮೂಲಿ ರೇಡಿಯೋ, ಪುಕ್ಕಟೆ

ಅಮೆರಿಕದಲ್ಲಿ ಎಎಂ ಅಂತ ಕರೆಯೋದು ನಮ್ಮ ಮೀಡಿಯಂ ವೇವ್. ಬೆಂಗಳೂರು ಆಕಾಶವಾಣಿ 612 ಕಿಲೋಹರ್ಟ್ಸ್, ಧಾರವಾಡ 765 ಅಂತ ಕೇಳಿದ್ದೀರಲ್ಲ, ಅದೇ. ಪ್ರತಿ ಟೀಮಿಗೂ ಒಂದು ಮುಖ್ಯ ಸ್ಟೇಷನ್ ಇರುತ್ತೆ. ಅದರ ಜೊತೆಗೆ ಸುತ್ತಮುತ್ತ ಊರುಗಳ ಸಣ್ಣ ಸ್ಟೇಷನ್‌ಗಳ ಜಾಲ ಇರುತ್ತೆ. ಎಡಿಸನ್ ಸುತ್ತ ಸಿಗೋದು ಇಷ್ಟು: ಯಾಂಕೀಸ್ ಆಟ ಡಬ್ಲ್ಯೂಎಫ್‌ಎಎನ್ ಸ್ಟೇಷನ್‌ನಲ್ಲಿ, 660 ಎಎಂ ಮತ್ತು 101.9 ಎಫ್‌ಎಂ. ಮೆಟ್ಸ್ ಆಟ 880 ಎಎಂ. ಸ್ವಲ್ಪ ದಕ್ಷಿಣಕ್ಕೆ ಹೋದರೆ ಫಿಲಡೆಲ್ಫಿಯಾದ ಫಿಲ್ಲೀಸ್, 94.1 ಎಫ್‌ಎಂ. ಪ್ರಸಾರದ ಹಕ್ಕು ಆಗಾಗ ಕೈ ಬದಲಾಯಿಸುತ್ತೆ, ಹಾಗಾಗಿ ಪ್ರತಿ ಮಾರ್ಚ್‌ನಲ್ಲಿ ಒಂದ್ಸಲ ಟೀಮಿನ ವೆಬ್‌ಸೈಟ್ ನೋಡ್ಕೊಳ್ಳಿ.

ಇದಕ್ಕೆ ಚಂದಾ ಇಲ್ಲ, ಇಂಟರ್ನೆಟ್ ಬೇಡ, ಪಾಸ್‌ವರ್ಡ್ ಬೇಡ. ಕಣ್ಣು ಕಾಣದ ಹಿರಿಯರಿಗೆ ಈ ಮೂರನೆಯದು ಎಷ್ಟು ದೊಡ್ಡ ವಿಷಯ ಅಂತ ಮನೆಯಲ್ಲಿ ಅಂಥವರು ಇದ್ದರೆ ಗೊತ್ತಿರುತ್ತೆ. ಒಂದು ಗುಂಡಿ ಸೌಂಡಿಗೆ, ಒಂದು ಗುಂಡಿ ಸ್ಟೇಷನ್‌ಗೆ. ಬೆರಳಿಗೆ ಸಿಗುತ್ತೆ.

ಈಗ ನಾನು ಮಾಡಿದ ಎಡವಟ್ಟು ಹೇಳ್ತೀನಿ. ಅಪ್ಪನ ಹಳೇ ಟ್ರಾನ್ಸಿಸ್ಟರ್ ಮನೆಯಲ್ಲೇ ಇತ್ತು. ನಾನು ಜಾಣತನ ಮಾಡೋಕೆ ಹೋಗಿ ಎಸ್‌ಪಿ ರೋಡಲ್ಲಿ ಹೊಸದಾಗಿ ಡಿಜಿಟಲ್ ರೇಡಿಯೋ ತಗೊಂಡು, ಬೆಂಗಳೂರಿನಿಂದ ಹೋಗ್ತಿದ್ದ ಪರಿಚಯದವರ ಕೈಲಿ ಕಳಿಸಿದೆ. ಅಲ್ಲಿ ಹಾಕಿದರೆ ಎಫ್‌ಎಂ ಬರುತ್ತೆ, ಎಎಂನಲ್ಲಿ 660 ಬರೋದೇ ಇಲ್ಲ. ಬಟನ್ ಒತ್ತಿದರೆ 657, ಇನ್ನೊಂದ್ಸಲ ಒತ್ತಿದರೆ 666. ನಡುವೆ ಏನೂ ಇಲ್ಲ.

ಕಾರಣ ಏನು ಗೊತ್ತಾ? ನಮ್ಮ ಕಡೆ ಮೀಡಿಯಂ ವೇವ್ ಸ್ಟೇಷನ್‌ಗಳ ನಡುವಿನ ಅಂತರ 9 ಕಿಲೋಹರ್ಟ್ಸ್. ಅಮೆರಿಕದಲ್ಲಿ 10. ನಮ್ಮ 612, 765 ಎರಡೂ ಒಂಬತ್ತರ ಮಗ್ಗಿಯಲ್ಲಿ ಬರುತ್ತೆ, ಬೇಕಾದರೆ ಭಾಗಿಸಿ ನೋಡಿ. 660 ಬರಲ್ಲ. ಡಿಜಿಟಲ್ ರೇಡಿಯೋ ಒಂಬತ್ತೊಂಬತ್ತೇ ಹೆಜ್ಜೆ ಹಾಕಿಕೊಂಡು ಅದನ್ನ ದಾಟಿ ಹೋಗಿಬಿಡುತ್ತೆ. ಕೆಲವು ಸೆಟ್‌ಗಳಲ್ಲಿ 9 ಅಥವಾ 10 ಅಂತ ಬದಲಾಯಿಸೋ ಸ್ವಿಚ್ ಇರುತ್ತೆ. ನಾನು ಕಳಿಸಿದ್ದರಲ್ಲಿ ಇರಲಿಲ್ಲ. ಮುಳ್ಳು ಓಡಾಡೋ ಹಳೇ ರೇಡಿಯೋ ಆಗಿದ್ದರೆ ಈ ತಕರಾರೇ ಇಲ್ಲ, ಎಲ್ಲಿ ಬೇಕಾದರೂ ನಿಲ್ಲಿಸಬಹುದು. ಅಪ್ಪ ಫೋನಲ್ಲಿ ನಕ್ಕಿದ್ದೇ ನಕ್ಕಿದ್ದು: "ಹಳೇದನ್ನ ಮೂಲೆಗಿಟ್ಟೆ, ನೋಡು ಈಗ."

ಕೊನೆಗೆ ಅಕ್ಕ ಅಲ್ಲೇ ಅಂಗಡಿಯಲ್ಲಿ ಒಂದು ಸಣ್ಣ ರೇಡಿಯೋ ತಂದಳು. ನೀವು ಇಲ್ಲಿಂದ ಒಯ್ಯೋದಾದರೆ ಮೂರು ವಿಷಯ ನೆನಪಿಡಿ. ಒಂದು, ಈ ಒಂಬತ್ತು-ಹತ್ತರ ಲೆಕ್ಕ. ಎರಡು, ಅಲ್ಲಿಯ ಕರೆಂಟು 120 ವೋಲ್ಟ್, ನಮ್ಮದು 230. ಹಾಗಾಗಿ ಬ್ಯಾಟರಿ ಸೆಟ್ ಒಳ್ಳೇದು. ಮೂರು, ಕಣ್ಣಿಗೆ ತೊಂದರೆ ಇರೋರಿಗೆ ಟಚ್ ಸ್ಕ್ರೀನ್ ಬೇಡವೇ ಬೇಡ.

ಇನ್ನೊಂದು ಸಣ್ಣ ಗುಟ್ಟು. ಎಎಂ ರೇಡಿಯೋ ಒಳಗಿನ ಆಂಟೆನಾ ಒಂದು ಕಪ್ಪು ಫೆರೈಟ್ ಕಡ್ಡಿ. ಅದಕ್ಕೆ ದಿಕ್ಕು ಮುಖ್ಯ. ಕೊರ ಕೊರ ಅಂದರೆ ರೇಡಿಯೋನ ನಿಂತಲ್ಲೇ ನಿಧಾನಕ್ಕೆ ತಿರುಗಿಸಿ, ಒಂದು ಕಡೆ ಬಂದಾಗ ಸ್ವಚ್ಛವಾಗುತ್ತೆ. ಫೋನ್ ಚಾರ್ಜರ್, ಎಲ್‌ಇಡಿ ಬಲ್ಬಿನಿಂದ ದೂರ ಇಡಿ, ಕಿಟಕಿ ಹತ್ತಿರ ಇಡಿ. ಅಪ್ಪನಿಗೆ ಇದನ್ನ ನಾನು ಹೇಳಿಕೊಡಬೇಕಾಗಿರಲಿಲ್ಲ. ಅವರೇ ತಿರುಗಿಸಿ ಸರಿ ಮಾಡ್ಕೊಂಡಿದ್ದರು.

ಎಎಂನ ಇನ್ನೊಂದು ಮಜಾ ರಾತ್ರಿ ಹೊತ್ತಿಂದು. ಹಗಲಲ್ಲಿ ವಾತಾವರಣದ ಮೇಲಿರೋ ಒಂದು ಪದರ ಈ ಅಲೆಗಳನ್ನ ನುಂಗಿಬಿಡುತ್ತೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗುತ್ತೆ, ಅಲೆ ಇನ್ನೂ ಮೇಲಿನ ಪದರಕ್ಕೆ ಬಡಿದು ನೂರಾರು ಕಿಲೋಮೀಟರ್ ದೂರಕ್ಕೆ ಹೋಗಿ ಇಳಿಯುತ್ತೆ. ಸೇಂಟ್ ಲೂಯಿಸ್‌ನ ಕೆಎಂಒಎಕ್ಸ್, 1120 ಎಎಂ, 50,000 ವಾಟ್. ಕಾರ್ಡಿನಲ್ಸ್ ಟೀಮಿನ ಆಟವನ್ನ ಅದು ರಾತ್ರಿ ಹೊತ್ತು ಎಷ್ಟೋ ರಾಜ್ಯಗಳಿಗೆ ಮುಟ್ಟಿಸ್ತಿತ್ತು. ತಮ್ಮೂರಲ್ಲಿ ಟೀಮೇ ಇಲ್ಲದ ಹಳ್ಳಿಗಳ ಜನ ಕಾರ್ಡಿನಲ್ಸ್ ಅಭಿಮಾನಿಗಳಾಗಿದ್ದು ಹಾಗೆ. ದಾವಣಗೆರೆಯಲ್ಲಿ ರಾತ್ರಿ ರೇಡಿಯೋ ಸಿಲೋನ್ ಹಿಡೀತಿದ್ದ ಅಪ್ಪನ ತಲೆಮಾರಿಗೆ ಇದು ತಕ್ಷಣ ಅರ್ಥ ಆಗುತ್ತೆ.

ದಾರಿ ಎರಡು: ಲೀಗ್‌ನ ಆ್ಯಪ್

ಅಮೆರಿಕದ ಆಚೆ ಇರೋರಿಗೆ, ಅಥವಾ ಅಲ್ಲೇ ಇದ್ದು ದೂರದ ಊರಿನ ಟೀಮ್ ಬೇಕು ಅನ್ನೋರಿಗೆ ಇದು ಸುಲಭದ ದಾರಿ. ಮೇಜರ್ ಲೀಗ್‌ನ ಅಧಿಕೃತ ಆ್ಯಪ್‌ನಲ್ಲಿ ಬರೀ ಆಡಿಯೋಗೆ ಬೇರೆ ಚಂದಾ ಇದೆ. ಇತ್ತೀಚಿನ ಸೀಸನ್‌ಗಳಲ್ಲಿ ವರ್ಷಕ್ಕೆ 30 ಡಾಲರ್ ಆಸುಪಾಸು. ನಾನು ಬಿ.ಕಾಂ. ಓದಿದವನು, ಲೆಕ್ಕ ಹಾಕದಿದ್ದರೆ ನಿದ್ದೆ ಬರಲ್ಲ. ಒಂದೇ ಟೀಮಿನ 162 ಪಂದ್ಯ ಕೇಳಿದರೂ ಒಂದಕ್ಕೆ 19 ಸೆಂಟ್ ಬೀಳುತ್ತೆ. ಎಲ್ಲಾ ಟೀಮಿನ ಎಲ್ಲಾ ಪಂದ್ಯವೂ ಇರುತ್ತೆ. ಅದರಲ್ಲೂ ಎರಡೂ ಟೀಮಿನ ಕಾಮೆಂಟೇಟರ್‌ಗಳಲ್ಲಿ ಯಾರದ್ದು ಬೇಕೋ ಆರಿಸ್ಕೋಬಹುದು. ಒಂದೇ ಸಿಕ್ಸರ್... ಕ್ಷಮಿಸಿ, ಒಂದೇ ಹೋಮ್ ರನ್. ಹೊಡೆದ ಊರಿನ ಕಾಮೆಂಟೇಟರ್ ಬಾಯಲ್ಲಿ ಅದು ಹಬ್ಬ, ಹೊಡೆಸಿಕೊಂಡ ಊರಿನವನ ಬಾಯಲ್ಲಿ ಸೂತಕ. ಎರಡನ್ನೂ ಕೇಳಿ ನೋಡಿ, ಚೆನ್ನಾಗಿರುತ್ತೆ.

ಇಲ್ಲಿ ಒಂದು ಮುಖ್ಯ ವಿಷಯ. ಇದೇ ಲೀಗ್‌ನ ವಿಡಿಯೋ ಚಂದಾ ತಗೊಂಡರೆ ನಿಮ್ಮೂರಿನ ಟೀಮಿನ ಲೈವ್ ಆಟವೇ ಬರಲ್ಲ. ಅದಕ್ಕೆ ಬ್ಲ್ಯಾಕ್‌ಔಟ್ ಅಂತಾರೆ. ಯಾಕಂದ್ರೆ ಆ ಪ್ರದೇಶದ ಹಕ್ಕನ್ನ ಲೋಕಲ್ ಟಿವಿ ಚಾನೆಲ್‌ಗೆ ದುಡ್ಡಿಗೆ ಮಾರಿರ್ತಾರೆ. ಎಡಿಸನ್‌ನಲ್ಲಿ ಕೂತು ವಿಡಿಯೋ ಚಂದಾ ತಗೊಂಡು ಯಾಂಕೀಸ್ ನೋಡ್ತೀನಿ ಅಂದರೆ ಆಗಲ್ಲ. ಆಡಿಯೋಗೆ ಈ ಕಾಟ ಇಲ್ಲ.

"ಸ್ಟೇಷನ್ ವೆಬ್‌ಸೈಟಲ್ಲೇ ಪುಕ್ಕಟೆ ಕೇಳಬಹುದಲ್ಲ?" ಅಂತ ಹಲವರು ಕೇಳ್ತಾರೆ. ನಾನೂ ಬೆಂಗಳೂರಲ್ಲಿ ಕೂತು ಪ್ರಯತ್ನ ಮಾಡಿದೆ. ಆಟ ಶುರುವಾಗೋ ಹೊತ್ತಿಗೆ ಸರಿಯಾಗಿ ಬೇರೆ ಯಾವುದೋ ಕಾರ್ಯಕ್ರಮ ಬಂತು. ಗಾಳಿಯಲ್ಲಿ ಬಿಡೋ ಹಕ್ಕು ಬೇರೆ, ಇಂಟರ್ನೆಟ್‌ನಲ್ಲಿ ಬಿಡೋ ಹಕ್ಕು ಬೇರೆ. ಇಂಟರ್ನೆಟ್ ಹಕ್ಕು ಲೀಗ್ ಕೈಲಿದೆ. ಕೆಲವು ಸ್ಟೇಷನ್‌ಗಳಿಗೆ ತಮ್ಮ ಪ್ರದೇಶದೊಳಗೆ ಮಾತ್ರ ಅನುಮತಿ ಇರುತ್ತೆ. ಹಾಗಾಗಿ ಅದನ್ನ ನಂಬಿ ಕೂರಬೇಡಿ.

ದಾರಿ ಮೂರು: ಸ್ಯಾಟಲೈಟ್ ರೇಡಿಯೋ

ಸಿರಿಯಸ್‌ಎಕ್ಸ್‌ಎಂ ಅಂತ ಇದೆ. ಅಮೆರಿಕ, ಕೆನಡಾದಲ್ಲಿ ಕಾರಿನ ಜೊತೆಗೇ ಬರೋದು ಸಾಮಾನ್ಯ. ಬೇಸ್‌ಬಾಲ್‌ಗೆ ಅಂತಲೇ ಚಾನೆಲ್‌ಗಳಿವೆ, ದಿನವಿಡೀ ಬೇಸ್‌ಬಾಲ್ ಹರಟೆಗೂ ಒಂದಿದೆ. ತಿಂಗಳ ಚಂದಾ ಕೊಡಬೇಕು. ದಿನಾ ದೂರ ಕಾರು ಓಡಿಸೋರಿಗೆ ಸರಿ. ಮನೆಯಲ್ಲಿ ಕೂತಿರೋ ಅಪ್ಪನಂಥವರಿಗೆ ಇದು ದಂಡ. ಭಾರತದಲ್ಲಿ ಈ ಸೇವೆ ಇಲ್ಲ. ಮುಂದೆ ಹೋಗೋಣ.

ದಾರಿ ನಾಲ್ಕು: ಸಣ್ಣ ಲೀಗ್, ದೊಡ್ಡ ಸುಖ

ಇದು ನನಗೆ ತುಂಬ ಇಷ್ಟವಾದದ್ದು. ಮೇಜರ್ ಲೀಗ್ ಕೆಳಗೆ ಮೈನರ್ ಲೀಗ್ ಇದೆ, 120 ಟೀಮುಗಳು. ನಮ್ಮ ರಣಜಿಗಿಂತ ಕೆಳಗಿನ ಹಂತಗಳ ಹಾಗೆ, ಹುಡುಗರು ಮೇಲೆ ಬರೋ ಏಣಿ. ಈ ಟೀಮುಗಳಲ್ಲಿ ಬಹಳಷ್ಟು ತಮ್ಮ ಕಾಮೆಂಟರಿಯನ್ನ ಇಂಟರ್ನೆಟ್‌ನಲ್ಲಿ ಪುಕ್ಕಟೆ ಬಿಡ್ತವೆ. ಭಾರತದಲ್ಲಿ ಕೂತು ಒಂದು ಪೈಸೆ ಕೊಡದೆ ಬೇಸ್‌ಬಾಲ್ ರೇಡಿಯೋ ಅಂದರೆ ಏನು ಅಂತ ರುಚಿ ನೋಡಬೇಕಾ? ಇಲ್ಲಿಂದ ಶುರು ಮಾಡಿ.

ಎಡಿಸನ್ ಹತ್ತಿರವೇ ಬ್ರಿಡ್ಜ್‌ವಾಟರ್ ಊರಲ್ಲಿ ಸೋಮರ್‌ಸೆಟ್ ಪೇಟ್ರಿಯಟ್ಸ್ ಅಂತ ಒಂದು ಟೀಮಿದೆ. 2021ರಿಂದ ಯಾಂಕೀಸ್‌ನ ಡಬಲ್-ಎ ಹಂತದ ಟೀಮ್. ಭಾವ ಒಂದು ಶನಿವಾರ ಅಪ್ಪನನ್ನ ಅಲ್ಲಿಗೆ ಕರ್ಕೊಂಡು ಹೋದರು. ಅಪ್ಪನಿಗೆ ಮೈದಾನ ಹಸಿರು ಬಣ್ಣವಾಗಿ ಕಂಡಿದ್ದು ಬಿಟ್ಟರೆ ಬೇರೇನೂ ಕಾಣಲಿಲ್ಲ. ಆದರೆ ಬ್ಯಾಟಿಗೆ ಚೆಂಡು ತಗುಲಿದ ಸದ್ದು ಕೇಳಿ, "ಇದು ಮಧ್ಯಕ್ಕೆ ಸಿಕ್ಕಿದೆ" ಅಂದರಂತೆ. ಸರಿಯಾಗೇ ಇತ್ತು.

ಕಿವಿಯಲ್ಲಿ ಆಟ ಕಟ್ಟಿಕೊಳ್ಳೋದು ಹೇಗೆ?

ದಾರಿ ಸಿಕ್ಕಿತು, ಆದರೆ ಆಟ ಅರ್ಥ ಆಗಬೇಕಲ್ಲ. ಕ್ರಿಕೆಟ್ ಗೊತ್ತಿರೋ ಕನ್ನಡಿಗರಿಗೆ ಐದು ನಿಮಿಷದ ಪಾಠ ಇಲ್ಲಿದೆ. ಅಪ್ಪನಿಗೆ ಫೋನಲ್ಲಿ ಹೇಳಿದ್ದನ್ನೇ ಹೇಳ್ತೀನಿ.

ಒಂಬತ್ತು ಇನ್ನಿಂಗ್ಸ್. ಪ್ರತಿ ಇನ್ನಿಂಗ್ಸ್‌ನಲ್ಲಿ ಎರಡೂ ಟೀಮು ಬ್ಯಾಟ್ ಮಾಡ್ತವೆ. ಮೊದಲು ಹೊರಗಿನಿಂದ ಬಂದ ಟೀಮು, ಅದಕ್ಕೆ "ಟಾಪ್" ಅಂತಾರೆ. ಆಮೇಲೆ ಊರಿನ ಟೀಮು, ಅದು "ಬಾಟಮ್". ಮೂರು ಔಟಾದರೆ ಬ್ಯಾಟಿಂಗ್ ಕೈ ಬದಲು. "ಬಾಟಮ್ ಆಫ್ ದ ಸೆವೆಂತ್, ಟೂ ಔಟ್ಸ್" ಅಂದರೆ ಏಳನೇ ಇನ್ನಿಂಗ್ಸ್, ಊರಿನ ಟೀಮ್ ಬ್ಯಾಟಿಂಗ್, ಇನ್ನೊಂದೇ ಔಟ್ ಬಾಕಿ.

ಆಮೇಲೆ "ಕೌಂಟ್". ಕಾಮೆಂಟೇಟರ್ "ಟೂ ಅಂಡ್ ಒನ್" ಅಂದರೆ ಮೊದಲನೇ ಸಂಖ್ಯೆ ಬಾಲ್, ಎರಡನೇದು ಸ್ಟ್ರೈಕ್. ಬಾಲ್ ಅಂದ್ರೆ ವಲಯದ ಹೊರಗೆ ಬಿದ್ದದ್ದು, ಬ್ಯಾಟ್ಸ್‌ಮನ್ ಬೀಸದೆ ಬಿಟ್ಟದ್ದು. ನಮ್ಮ ವೈಡ್ ಥರ ಅಂದ್ಕೊಳ್ಳಿ. ಸ್ಟ್ರೈಕ್ ಅಂದ್ರೆ ಬೀಸಿ ತಪ್ಪಿದ್ದು, ಅಥವಾ ವಲಯದೊಳಗೆ ಬಂದರೂ ಬಿಟ್ಟದ್ದು. ಹೊಡೆತ ಗೆರೆಯಾಚೆ ಹೋದರೆ ಫೌಲ್. ಮೊದಲ ಎರಡು ಸ್ಟ್ರೈಕ್‌ವರೆಗೆ ಅದೂ ಲೆಕ್ಕಕ್ಕೆ ಸೇರುತ್ತೆ. ಮೂರು ಸ್ಟ್ರೈಕಿಗೆ ಔಟ್. ನಾಲ್ಕು ಬಾಲ್‌ಗೆ ಪುಕ್ಕಟೆ ಮೊದಲ ಬೇಸ್. "ತ್ರೀ ಅಂಡ್ ಟೂ" ಅಂದರೆ "ಫುಲ್ ಕೌಂಟ್", ಅಂಚಿನಲ್ಲಿ ನಿಂತ ಹಾಗೆ. ಆಗ ಕಾಮೆಂಟೇಟರ್ ದನಿಯೂ ಬದಲಾಗುತ್ತೆ, ಹಿಂದಿನ ಜನರ ಗದ್ದಲವೂ ಬದಲಾಗುತ್ತೆ. ಅದನ್ನ ಗಮನಿಸಿ.

ಮೂರನೇದು, ಆಟಗಾರರ ಜಾಗದ ಸಂಖ್ಯೆ. ಪಿಚರ್ 1, ಕ್ಯಾಚರ್ 2, ಮೊದಲ ಬೇಸ್ 3, ಎರಡನೇ ಬೇಸ್ 4, ಮೂರನೇ ಬೇಸ್ 5, ಶಾರ್ಟ್‌ಸ್ಟಾಪ್ 6, ಎಡಗಡೆ ಔಟ್‌ಫೀಲ್ಡ್ 7, ನಡುವೆ 8, ಬಲಗಡೆ 9. "ಸಿಕ್ಸ್-ಫೋರ್-ತ್ರೀ" ಅಂತ ಕೇಳಿಸಿದರೆ ಚೆಂಡು ಶಾರ್ಟ್‌ಸ್ಟಾಪ್‌ನಿಂದ ಎರಡನೇ ಬೇಸ್‌ಗೆ, ಅಲ್ಲಿಂದ ಮೊದಲ ಬೇಸ್‌ಗೆ ಹೋಯ್ತು, ಇಬ್ಬರು ಔಟ್. ಮೂರೇ ಅಂಕೆಯಲ್ಲಿ ಇಡೀ ಚಿತ್ರ. ಬ್ಯಾಂಕಲ್ಲಿ ಮೂವತ್ತು ವರ್ಷ ಲೆಡ್ಜರ್ ಬರೆದ ಅಪ್ಪನಿಗೆ ಇದು ಸಿಕ್ಕಾಪಟ್ಟೆ ಹಿಡಿಸ್ತು. "ಇದು ಡಬಲ್ ಎಂಟ್ರಿ ಇದ್ದ ಹಾಗಿದೆಯಲ್ಲೋ" ಅಂದರು. ಮೊದಲ ಎರಡು ವಾರ ಮೊಮ್ಮಗ ಪಕ್ಕದಲ್ಲಿ ಕೂತು ಸಹಾಯ ಮಾಡಿದ. ಮೂರನೇ ವಾರ ಅಪ್ಪನೇ ಅವನಿಗೆ ಹೇಳಿಕೊಡ್ತಿದ್ದರು.

ಇಂಗ್ಲಿಷ್ ವೇಗ ಕಷ್ಟ ಅನ್ನೋರಿಗೆ ಒಂದು ಮಾತು. ಈ ಕಾಮೆಂಟರಿಯಲ್ಲಿ ಬಳಸೋ ಪದಗಳು ಸುಮಾರು ಅವೇ ಅವೇ. ಒಂದು ವಾರ ಒಂದೇ ಟೀಮನ್ನ ಕೇಳಿ. ಒಂದೇ ಟೀಮು ಅನ್ನೋದು ಮುಖ್ಯ. ಹೆಸರುಗಳು ಪರಿಚಯ ಆಗ್ತಾವೆ, ದನಿ ಪರಿಚಯ ಆಗುತ್ತೆ. ಯಾಂಕೀಸ್ ಕಾಮೆಂಟೇಟರ್ ಜಾನ್ ಸ್ಟರ್ಲಿಂಗ್ 1989ರಿಂದ 2019ರವರೆಗೆ ಒಂದೂ ಬಿಡದೆ ಸತತ 5,060 ಪಂದ್ಯ ಹೇಳಿ, 2024ರ ಏಪ್ರಿಲ್‌ನಲ್ಲಿ ನಿವೃತ್ತರಾದರು. ಅಷ್ಟು ವರ್ಷ ಒಂದೇ ದನಿ ಮನೆಯಲ್ಲಿದ್ದರೆ ಅವರು ಮನೆಯವರೇ ಅಲ್ವಾ?

ನಮ್ಮ ಗಡಿಯಾರಕ್ಕೆ ಎಷ್ಟು ಗಂಟೆ?

ಭಾರತದಲ್ಲಿರೋರಿಗೆ: ನ್ಯೂಯಾರ್ಕ್ ಸಂಜೆ 7:05ರ ಆಟ ನಮಗೆ ಬೆಳಗಿನ ಜಾವ 4:35. ಹಾಲಿನವನು ಬರೋ ಹೊತ್ತು. ಅವರ ಮಧ್ಯಾಹ್ನ 1:05ರ ಆಟ ನಮಗೆ ರಾತ್ರಿ 10:35, ಊಟ ಮುಗಿಸಿ ಮಲಗೋ ಹೊತ್ತು. ಕ್ಯಾಲಿಫೋರ್ನಿಯಾದ ಸಂಜೆ 7:10ರ ಆಟ ನಮಗೆ ಬೆಳಗ್ಗೆ 7:40. ಬೆಂಗಳೂರು ಟ್ರಾಫಿಕ್‌ನಲ್ಲಿ ಆಫೀಸಿಗೆ ಹೋಗೋರಿಗೆ ಹೇಳಿ ಮಾಡಿಸಿದ ಸಮಯ. ಸಿಲ್ಕ್ ಬೋರ್ಡ್ ದಾಟೋದರೊಳಗೆ ಮೂರು ಇನ್ನಿಂಗ್ಸ್ ಗ್ಯಾರಂಟಿ.

ಇದು ಎಷ್ಟು ದಿನ ಇರುತ್ತೆ?

ಖುಷಿ ವಿಷಯ ಹೇಳಿ ಮುಗಿಸಬಹುದಿತ್ತು, ಆದರೆ ಇದನ್ನೂ ಹೇಳಬೇಕು. ಈ ಪುಕ್ಕಟೆ ದಾರಿ ನಿಧಾನಕ್ಕೆ ಕಿರಿದಾಗ್ತಿದೆ. ಎಲೆಕ್ಟ್ರಿಕ್ ಕಾರಿನ ಮೋಟಾರು ಎಎಂ ಅಲೆಗೆ ಅಡ್ಡಿ ಮಾಡುತ್ತೆ ಅಂತ ಕೆಲವು ಕಂಪನಿಗಳು ಎಎಂ ರೇಡಿಯೋನೇ ತೆಗೆದುಹಾಕಿದವು. ಫೋರ್ಡ್ ಕೂಡ ಹೊಸ ಕಾರುಗಳಿಂದ ತೆಗೀತೀನಿ ಅಂದು, ವಿರೋಧ ಬಂದ ಮೇಲೆ 2023ರ ಮೇನಲ್ಲಿ ನಿರ್ಧಾರ ಬದಲಿಸ್ತು. ಅದೇ ತಿಂಗಳು, ಪ್ರತಿ ಕಾರಲ್ಲೂ ಎಎಂ ಇರಲೇಬೇಕು ಅನ್ನೋ ಮಸೂದೆ ಅಮೆರಿಕದ ಸಂಸತ್ತಿಗೆ ಬಂತು. ಟೀಮುಗಳ ಕಡೆಯಿಂದಲೂ ಇದೇ ಕಥೆ. ಟೊರೊಂಟೊ ಬ್ಲೂ ಜೇಸ್ 2021ರಲ್ಲಿ ರೇಡಿಯೋಗೆ ಅಂತ ಬೇರೆ ಕಾಮೆಂಟೇಟರ್ ಯಾಕೆ ಅಂತ ಟಿವಿ ಆಡಿಯೋವನ್ನೇ ರೇಡಿಯೋಗೆ ಬಿಟ್ಟರು. ಟಿವಿ ಕಾಮೆಂಟೇಟರ್ "ನೋಡಿ ಹೇಗೆ ಹೊಡೆದ" ಅಂದುಬಿಡ್ತಾನೆ. ಕಣ್ಣು ಕಾಣದವನಿಗೆ ಆ ಮಾತಿನಿಂದ ಏನು ಪ್ರಯೋಜನ? ಮುಂದಿನ ವರ್ಷ ಮತ್ತೆ ರೇಡಿಯೋಗೆ ಬೇರೆ ದನಿ ತಂದರು.

ಖರ್ಚು ಉಳಿಸೋ ಲೆಕ್ಕ ನನಗೂ ಗೊತ್ತು. ಆದರೆ ಆ ಲೆಕ್ಕದಲ್ಲಿ ಎಡಿಸನ್‌ನ ಸೋಫಾ ಮೇಲೆ ಕೂತ ಒಬ್ಬ ಮುದುಕ ಯಾವ ಕಾಲಮ್ಮಿಗೂ ಬರಲ್ಲ.

ಕೊನೇದಾಗಿ ಒಂದು ಪ್ರಸಂಗ. ಜೂನ್‌ನ ಒಂದು ಸಂಜೆ. ಮೊಮ್ಮಗ ಹಾಲ್‌ನಲ್ಲಿ ಟಿವಿಯಲ್ಲಿ ಯಾಂಕೀಸ್ ನೋಡ್ತಿದ್ದ. ಟಿವಿ ಬರ್ತಿದ್ದುದು ಇಂಟರ್ನೆಟ್ ಮೂಲಕ. ಅಪ್ಪ ಒಳಗಿನ ರೂಮಲ್ಲಿ ಕಿಟಕಿ ಹತ್ತಿರ 660ಕ್ಕೆ ರೇಡಿಯೋ ಹಾಕ್ಕೊಂಡಿದ್ದರು. ಇಂಟರ್ನೆಟ್ ವಿಡಿಯೋ ಅರ್ಧ ನಿಮಿಷದಷ್ಟು ತಡವಾಗಿ ಬರೋದುಂಟು. ಗಾಳಿಯಲ್ಲಿ ಬರೋ ರೇಡಿಯೋ ಅದಕ್ಕಿಂತ ಮುಂದೆ. ಅಪ್ಪ ಒಳಗಿಂದ ಕೂಗಿದರು: "ಪುಟ್ಟಾ, ಹೋಮ್ ರನ್ನು!" ಹುಡುಗ ಟಿವಿ ನೋಡ್ತಾನೆ, ಪಿಚರ್ ಇನ್ನೂ ಕೈಯಲ್ಲೇ ಚೆಂಡು ಹಿಡ್ಕೊಂಡು ನಿಂತಿದ್ದಾನೆ. "ಇಲ್ಲ ತಾತ, ಇನ್ನೂ ಹಾಕೇ ಇಲ್ಲ" ಅಂದ. ಅಪ್ಪ "ತಾಳು" ಅಂದರು. ಸ್ವಲ್ಪ ಹೊತ್ತಿಗೆ ಚೆಂಡು ಗೋಡೆ ದಾಟಿ ಹೋಯ್ತು.

ಈಗ ಹುಡುಗ ಟಿವಿ ಸೌಂಡ್ ಮ್ಯೂಟ್ ಮಾಡಿ, ತಾತನ ರೂಮಿನ ಬಾಗಿಲು ತೆಗೆದಿಟ್ಟು ಕೂರ್ತಾನಂತೆ. ಮೊದಲು ತಾತ ಹೇಳಬೇಕು, ಆಮೇಲೆ ಇವನು ನೋಡಬೇಕು.

ಆರು ತಿಂಗಳಿಗೆ ಅಂತ ಹೋಗಿದ್ದ ಅಪ್ಪ ಸೆಪ್ಟೆಂಬರ್‌ನಲ್ಲಿ ವಾಪಸ್ ಬರೋ ಟಿಕೆಟ್ ಬಗ್ಗೆ ಮಾತಾಡೋಕೆ ಫೋನ್ ಮಾಡಿದರು. "ಅಕ್ಟೋಬರ್ ಮುಗೀಲಿ ಕಣೋ. ವರ್ಲ್ಡ್ ಸೀರೀಸ್ ಇದೆಯಲ್ಲ" ಅಂದರು. ಟಿಕೆಟ್ ಬದಲಾಯಿಸೋಕೆ ಆದ ಖರ್ಚನ್ನ ನಾನು ಮನರಂಜನೆ ಲೆಕ್ಕಕ್ಕೆ ಬರ್ಕೊಂಡಿದ್ದೀನಿ.

ನಿಮ್ಮ ಮನೆಯಲ್ಲೂ ಕಣ್ಣು ಸೋತ ಹಿರಿಯರಿದ್ದು, ಮಕ್ಕಳ ಮನೆ ಅಂತ ಆ ಕಡೆ ಹೋಗೋದಿದ್ದರೆ ಈ ಸಂಚಿಕೆ ಅವರಿಗೆ ಕೇಳಿಸಿ. ಹಳೇ ಟ್ರಾನ್ಸಿಸ್ಟರ್ ಇದ್ದರೆ ಗುಜರಿಗೆ ಹಾಕಬೇಡಿ, ಸೂಟ್‌ಕೇಸಿಗೆ ಹಾಕಿ.